ಜರ್ಮನಿಲಿ ಹಳದಿ ಕವರ್ ಬಂತಾ? ಆಮ್ಟ್ಸ್‌ಗೆರಿಷ್ಟ್ ಜೊತೆ ವ್ಯವಹಾರ ಹೇಗೆ

"ಕೋರ್ಟಿಂದ ಏನೋ ಲೆಟರ್ ಬಂದಿದೆ, ಎಲ್ಲಾ ಜರ್ಮನ್‌ನಲ್ಲಿದೆ, ಏನ್ ಮಾಡ್ಲಿ?" ಈ ಮೆಸೇಜ್ ನಂಗೆ ಬರ್ತಾನೇ ಇರತ್ತೆ. ಜೊತೆಗೆ ಮೊದಲ ಪೇಜಿನ ಫೋಟೋ, ಅದೂ ಅರ್ಧ ಕಟ್ ಆಗಿರೋದು. ನಾನು ವಾಪಸ್ ಕೇಳೋದು ಒಂದೇ, ಕವರ್ ಎಲ್ಲಿ? "ಅಯ್ಯೋ ಅದನ್ನ ಪೇಪರ್ ಕಸಕ್ಕೆ ಹಾಕ್ಬಿಟ್ಟೆ" ಅಂತಾರೆ. ಅದಕ್ಕೇ ಒಂದೇ ಸಲ ಎಲ್ಲಾ ಬರೆದಿಡ್ತಿದೀನಿ. ನಾನು ವಕೀಲ ಅಲ್ಲ, ದೊಡ್ಡ ಮೊತ್ತ ಅಥವಾ ಕ್ರಿಮಿನಲ್ ವಿಷಯ ಆದ್ರೆ ವಕೀಲರ ಹತ್ರನೇ ಹೋಗಿ, ಆದ್ರೆ ವಕೀಲರ ಹತ್ರ ಹೋಗೋಕೆ ಮುಂಚೆ ಏನ್ ಹಾಳು ಮಾಡ್ಕೋಬಾರ್ದು ಅಂತ ಇದನ್ನ ಓದಿದ್ರೆ ಗೊತ್ತಾಗತ್ತೆ.

ಆಮ್ಟ್ಸ್‌ಗೆರಿಷ್ಟ್ ಅಂದ್ರೆ ಏನು

ನಮ್ಮಲ್ಲಿ ತಾಲೂಕು ಮಟ್ಟದಲ್ಲಿ ಸಿವಿಲ್ ಜಡ್ಜ್ ಕೋರ್ಟ್, ಮ್ಯಾಜಿಸ್ಟ್ರೇಟ್ ಕೋರ್ಟ್ ಇರತ್ತಲ್ಲ, ಹೆಚ್ಚು ಕಮ್ಮಿ ಆ ಜಾಗದಲ್ಲಿ ಇಲ್ಲಿ ಕೂತಿರೋದೇ ಆಮ್ಟ್ಸ್‌ಗೆರಿಷ್ಟ್. ಇಡೀ ಜರ್ಮನಿಲಿ ಇಂಥವು ಆರುನೂರಕ್ಕೂ ಹೆಚ್ಚಿವೆ. ಇದರ ಮೇಲೆ ಲಾಂಡ್‌ಗೆರಿಷ್ಟ್, ಅದರ ಮೇಲೆ ಓಬರ್‌ಲಾಂಡ್ಸ್‌ಗೆರಿಷ್ಟ್, ತುದಿಯಲ್ಲಿ ಕಾರ್ಲ್ಸ್‌ರೂಹೆಯಲ್ಲಿರೋ ಬುಂಡೆಸ್‌ಗೆರಿಷ್ಟ್ಸ್‌ಹೋಫ್. ನಾವು ನೀವು ಜೀವಮಾನದಲ್ಲಿ ನೋಡೋದು ಬಹುಪಾಲು ಕೆಳಗಿನ ಮೆಟ್ಟಿಲನ್ನೇ.

ದುಡ್ಡಿನ ಜಗಳ ಇಷ್ಟು ಮೊತ್ತದವರೆಗೆ ಮಾತ್ರ ಇಲ್ಲಿ ಅಂತ ಒಂದು ಗೆರೆ ಇದೆ. 2025ರ ಕೊನೆವರೆಗೂ ಅದು 5,000 ಯೂರೋ ಇತ್ತು, 2026ರ ಜನವರಿ 1ರಿಂದ 10,000 ಯೂರೋ ಆಗಿದೆ, ಹಾಗಾಗಿ ಹಳೇ ಲೇಖನಗಳಲ್ಲಿ 5,000 ಅಂತ ಓದಿದ್ರೆ ಅದನ್ನ ಮರೆತುಬಿಡಿ. ಬಾಡಿಗೆ ಮನೆ ವಿಷಯ ಆದ್ರೆ ಮೊತ್ತ ಎಷ್ಟೇ ಇರ್ಲಿ ಇದೇ ಕೋರ್ಟು. ಈ ಗೆರೆ ನಮಗ್ಯಾಕೆ ಮುಖ್ಯ ಅಂದ್ರೆ, ಆಮ್ಟ್ಸ್‌ಗೆರಿಷ್ಟ್‌ನಲ್ಲಿ ಸಾಮಾನ್ಯ ಸಿವಿಲ್ ಕೇಸಿಗೆ ವಕೀಲರು ಕಡ್ಡಾಯ ಅಲ್ಲ, ನೀವೇ ಹೋಗಿ ನಿಂತ್ಕೋಬಹುದು. ಲಾಂಡ್‌ಗೆರಿಷ್ಟ್‌ಗೆ ಹೋದ್ರೆ ವಕೀಲರು ಬೇಕೇ ಬೇಕು.

ಒಂದು ಗೊಂದಲ ಇಲ್ಲೇ ಬಗೆಹರಿಸ್ಕೊಳ್ಳಿ. ಕೆಲಸದಿಂದ ತೆಗೆದ್ರು ಅಂದ್ರೆ ಆಮ್ಟ್ಸ್‌ಗೆರಿಷ್ಟ್ ಅಲ್ಲ, ಅದಕ್ಕೆ ಆರ್ಬೈಟ್ಸ್‌ಗೆರಿಷ್ಟ್ ಅಂತ ಬೇರೆ ಕೋರ್ಟಿದೆ, ಅಲ್ಲಿ ಟರ್ಮಿನೇಷನ್ ಲೆಟರ್ ಕೈಗೆ ಸಿಕ್ಕ ಮೂರು ವಾರದೊಳಗೆ ಕೇಸ್ ಹಾಕ್ಬೇಕು. ವೀಸಾ ತೊಂದ್ರೆಗೆ ಫೆರ್‌ವಾಲ್ಟುಂಗ್ಸ್‌ಗೆರಿಷ್ಟ್, ಟ್ಯಾಕ್ಸ್‌ಗೆ ಫಿನಾನ್ಸ್‌ಗೆರಿಷ್ಟ್.

ಹಂತ 1: ಕವರ್ ಎಸೀಬೇಡಿ, ತಾರೀಖು ನೋಡಿ

ಇಡೀ ಲೇಖನದಲ್ಲಿ ಒಂದೇ ವಿಷಯ ನೆನಪಿಟ್ಕೋತೀರಿ ಅಂದ್ರೆ ಇದನ್ನ ಇಟ್ಕೊಳ್ಳಿ.

ಕೋರ್ಟ್ ಕಾಗದ ಬರೋ ಆ ಹಳದಿ ಕವರಿನ ಮೇಲೆ ಒಂದು ಚಿಕ್ಕ ಜಾಗ ಇರತ್ತೆ, ಅಲ್ಲಿ "ಟ್ಸುಗೆಸ್ಟೆಲ್ಟ್ ಆಮ್" ಅಂತ ಪ್ರಿಂಟ್ ಆಗಿರತ್ತೆ, ಅಂದ್ರೆ "ತಲುಪಿಸಿದ ದಿನ". ಅದರ ಪಕ್ಕ ಪೋಸ್ಟ್‌ನವರು ಪೆನ್ನಲ್ಲಿ ಗೀಚಿರೋ ತಾರೀಖು ಮತ್ತೆ ಅವರ ಸಹಿ. ಕಾಗೆ ಕಾಲಿನ ಥರ ಇರೋ ಆ ತಾರೀಖೇ ನಿಮ್ಮ ಕೇಸಿನ ಗಡಿಯಾರ. ಒಳಗಿನ ಕಾಗದದ ಮೇಲಿರೋ ತಾರೀಖು ಅಲ್ಲ, ನೀವು ಓದಿದ ದಿನ ಅಲ್ಲ, ನಿಮ್ಮ ಫ್ರೆಂಡ್ ಅನುವಾದ ಮಾಡಿಕೊಟ್ಟ ದಿನ ಅಂತೂ ಅಲ್ಲವೇ ಅಲ್ಲ.

ಊರಲ್ಲಿ ರಿಜಿಸ್ಟರ್ಡ್ ಪೋಸ್ಟ್ ಬಂದ್ರೆ ನಾವು ಸೈನ್ ಹಾಕಿ ತಗೋಬೇಕು, ಬೇಡ ಅಂದ್ರೆ "ಮನೇಲಿಲ್ಲ" ಅಂತ ಹೇಳಿ ಕಳಿಸ್ತೀವಿ. ಇಲ್ಲಿ ಆ ಆಟ ನಡೆಯಲ್ಲ. ನೀವು ಬಾಗಿಲು ತೆಗೀದಿದ್ರೆ ಪೋಸ್ಟ್‌ನವರು ಮೇಲ್‌ಬಾಕ್ಸ್‌ಗೆ ಹಾಕಿ ತಾರೀಖು ಬರೆದು ಹೋಗ್ತಾರೆ, ಕಾನೂನಿನ ಲೆಕ್ಕದಲ್ಲಿ ಅದು ನಿಮ್ಮ ಕೈ ಸೇರಿದ ಹಾಗೇನೇ. ನೀವು ಆರು ವಾರ ರಜಕ್ಕೆ ಮೈಸೂರಲ್ಲಿ ಕೂತಿದ್ರೂ ಗಡಿಯಾರ ಓಡ್ತಾ ಇರತ್ತೆ.

ಬಹುತೇಕ ಗಡುವು ಎರಡು ವಾರ. ಲೆಕ್ಕ ಹೀಗೆ: ಮಂಗಳವಾರ ಡಬ್ಬಕ್ಕೆ ಬಿತ್ತು ಅಂದ್ರೆ ಎರಡು ವಾರ ಬಿಟ್ಟು ಬರೋ ಮಂಗಳವಾರ ರಾತ್ರಿ ಹನ್ನೆರಡಕ್ಕೆ ಮುಗೀತು. ಕೊನೆ ದಿನ ಶನಿವಾರ, ಭಾನುವಾರ ಅಥವಾ ಸರ್ಕಾರಿ ರಜ ಆದ್ರೆ ಮುಂದಿನ ಕೆಲಸದ ದಿನಕ್ಕೆ ಹೋಗತ್ತೆ. ಆ ಹೊತ್ತಿಗೆ ನಿಮ್ಮ ಉತ್ತರ ಕೋರ್ಟ್ ತಲುಪಿರ್ಬೇಕು, ನೀವು ಪೋಸ್ಟ್ ಮಾಡಿದ್ರೆ ಸಾಲದು. ಮತ್ತೆ ಮಾಮೂಲಿ ಇಮೇಲ್ ಕಳಿಸಿದ್ರೆ ಲೆಕ್ಕಕ್ಕೆ ಬರಲ್ಲ! ಇದರಲ್ಲಿ ತುಂಬಾ ಜನ ಎಡವ್ತಾರೆ. ಸಹಿ ಹಾಕಿದ ಕಾಗದ ಪೋಸ್ಟಲ್ಲಿ ಕಳಿಸ್ಬೇಕು ಅಥವಾ ಕೋರ್ಟ್ ಗೋಡೆಗಿರೋ ಡಬ್ಬಕ್ಕೆ ಹಾಕ್ಬೇಕು. ಆನ್‌ಲೈನ್ ಬೇಕಂದ್ರೆ "ಮೈನ್ ಯುಸ್ಟಿಟ್ಸ್‌ಪೋಸ್ಟ್‌ಫಾಖ್" ಅಂತ ಸರ್ಕಾರದ್ದೇ ಒಂದು ಪೋಸ್ಟ್‌ಬಾಕ್ಸ್ ಇದೆ, ಅದಕ್ಕೆ ಬುಂಡ್‌ಐಡಿ, ಅಂದ್ರೆ ಸರ್ಕಾರದ ಆನ್‌ಲೈನ್ ಗುರುತಿನ ಅಕೌಂಟ್ ಬೇಕು, ಗಡುವಿಗೆ ಎರಡು ದಿನ ಇರೋವಾಗ ಅದನ್ನ ಸೆಟಪ್ ಮಾಡೋಕೆ ಹೋಗ್ಬೇಡಿ.

ಹಂತ 2: ಬಂದಿರೋದು ಏನು ಅಂತ ಗುರುತಿಸಿ

ಕಾಗದದ ಮೇಲ್ಭಾಗದಲ್ಲಿ ದಪ್ಪಕ್ಷರದಲ್ಲಿ ಒಂದು ಪದ ಇರತ್ತೆ. ಅದನ್ನ ಮೊದಲು ಹುಡುಕಿ, ಉಳಿದಿದ್ದು ಆಮೇಲೆ.

ಮಾನ್‌ಬೆಶೈಡ್. ಅಂದ್ರೆ "ಇವರಿಗೆ ಇಷ್ಟು ದುಡ್ಡು ಕೊಡಿ" ಅನ್ನೋ ನೋಟೀಸು. ಜಿಮ್ ಕಾಂಟ್ರಾಕ್ಟ್, ಮೊಬೈಲ್ ಬಿಲ್, ಹಳೇ ಕರೆಂಟ್ ಬಿಲ್, ಇಂಥದ್ದಕ್ಕೇ ಜಾಸ್ತಿ ಬರೋದು. ಇಲ್ಲಿ ಎಲ್ರೂ ತಪ್ಪು ತಿಳ್ಕೊಳ್ಳೋದು ಏನಂದ್ರೆ, ಕೋರ್ಟ್ ಹೆಸರಲ್ಲಿ ಬಂದಿದೆ ಅಂದ್ಮೇಲೆ ಜಡ್ಜ್ ನೋಡಿ ತೀರ್ಮಾನ ಮಾಡಿರ್ತಾರೆ ಅಂತ. ಇಲ್ಲ. ಆ ಸಾಲ ನಿಜವೋ ಸುಳ್ಳೋ ಅಂತ ಯಾರೂ ನೋಡಿರಲ್ಲ, ಅರ್ಜಿ ಹಾಕ್ದೋರು ಫಾರ್ಮ್ ತುಂಬಿದ್ದಾರೆ, ಕಂಪ್ಯೂಟರ್ ಕಾಗದ ಉಗುಳಿದೆ, ಅಷ್ಟೇ.

ಇನ್ನೊಂದು, ಕೋರ್ಟಿನ ಊರು ನೋಡಿ "ನಾನು ಆ ಊರಿಗೆ ಹೋಗೇ ಇಲ್ಲ, ಇದು ಸ್ಕ್ಯಾಮ್" ಅಂತ ಎಸೆದವರಿದಾರೆ. ಈ ನೋಟೀಸುಗಳನ್ನ ಎಲ್ಲಾ ಕೋರ್ಟುಗಳೂ ಕೊಡಲ್ಲ, ರಾಜ್ಯಕ್ಕೆ ಒಂದೋ ಎರಡೋ ಕೇಂದ್ರಗಳಿವೆ: ಬವೇರಿಯಾಗೆ ಕೋಬುರ್ಗ್, ಹೆಸ್ಸೆನ್‌ಗೆ ಹ್ಯೂನ್‌ಫೆಲ್ಡ್, ಬಾಡೆನ್ ವ್ಯುರ್ಟೆಂಬೆರ್ಗ್‌ಗೆ ಸ್ಟುಟ್‌ಗಾರ್ಟ್, ನಾರ್ಡ್‌ರೈನ್ ವೆಸ್ಟ್‌ಫಾಲೆನ್‌ಗೆ ಹಾಗೆನ್ ಮತ್ತು ಓಯ್ಸ್‌ಕಿರ್ಶೆನ್, ಬರ್ಲಿನ್ ಮತ್ತು ಬ್ರಾಂಡೆನ್‌ಬುರ್ಗ್‌ಗೆ ವೆಡ್ಡಿಂಗ್. ಅದೂ ನೀವಿರೋ ಊರಿನ ಲೆಕ್ಕ ಅಲ್ಲ, ದುಡ್ಡು ಕೇಳ್ತಿರೋರು ಇರೋ ಊರಿನ ಲೆಕ್ಕ. ಹಾಗಾಗಿ ಮ್ಯೂನಿಕ್‌ನಲ್ಲಿರೋರಿಗೆ ಆಮ್ಟ್ಸ್‌ಗೆರಿಷ್ಟ್ ವೆಡ್ಡಿಂಗ್‌ನಿಂದ ಕಾಗದ ಬರಬಹುದು. ಮದುವೆ ಕರೆಯೋಲೆ ಅಲ್ಲ ಮಾರಾಯ್ರೆ, ಬರ್ಲಿನ್‌ನ ಒಂದು ಬಡಾವಣೆ ಹೆಸರು. ಸ್ಕ್ಯಾಮ್ ಇಲ್ವೇ ಇಲ್ಲ ಅಂತಲ್ಲ, ಆದ್ರೆ ಅಸಲಿ ಮಾನ್‌ಬೆಶೈಡ್ ಇಮೇಲಲ್ಲಿ ಬರಲ್ಲ. ಇಮೇಲಲ್ಲಿ ಅಟ್ಯಾಚ್‌ಮೆಂಟ್ ಜೊತೆ ಬಂದ್ರೆ ಓಪನ್ ಮಾಡ್ಬೇಡಿ.

ಕ್ಲಾಗೆ. ಅಂದ್ರೆ ನಿಮ್ಮ ಮೇಲೆ ನಿಜವಾದ ಕೇಸು. ದಪ್ಪ ಕಟ್ಟು ಬರತ್ತೆ, ಜೊತೆಗೆ ಕೋರ್ಟಿನ ಪತ್ರ. ಸಾಮಾನ್ಯವಾಗಿ ಅದರಲ್ಲಿ ಎರಡು ಗಡುವು ಇರತ್ತೆ. ಎರಡು ವಾರದೊಳಗೆ "ನಾನು ಎದುರಿಸ್ತೀನಿ" ಅಂತ ಒಂದು ಸಾಲು ಬರೀಬೇಕು, ಆಮೇಲೆ ಕನಿಷ್ಠ ಇನ್ನೆರಡು ವಾರದಲ್ಲಿ ಪೂರ್ತಿ ಉತ್ತರ. ಮೊದಲ ಸಾಲು ಬರೀದಿದ್ರೆ ನಿಮ್ಮನ್ನ ಕರೆಯದೇನೇ ತೀರ್ಪು ಬರೀಬಹುದು, ಅದಕ್ಕೆ ಫೆರ್‌ಸೊಯ್ಮ್ನಿಸ್‌ಉರ್ಟೈಲ್ ಅಂತಾರೆ.

ಸ್ಟ್ರಾಫ್‌ಬೆಫೇಲ್. ಇದು ಕ್ರಿಮಿನಲ್, ಇದನ್ನ ಕೆಳಗೆ ಬೇರೆ ಹೇಳ್ತೀನಿ.

ಬೂಸ್‌ಗೆಲ್ಡ್‌ಬೆಶೈಡ್. ಸ್ಪೀಡಿಂಗ್, ಸಿಗ್ನಲ್ ಜಂಪ್ ದಂಡ. ಇದು ಕೋರ್ಟಿಂದಲ್ಲ, ಆಡಳಿತ ಕಚೇರಿಯಿಂದ ಬರೋದು, ನೀವು ಎರಡು ವಾರದಲ್ಲಿ ಆ ಕಚೇರಿಗೇ ಆಕ್ಷೇಪ ಬರೆದು, ಅವರೂ ಒಪ್ಪದಿದ್ರೆ ಆಮ್ಟ್ಸ್‌ಗೆರಿಷ್ಟ್‌ಗೆ ಹೋಗತ್ತೆ.

ಹಂತ 3: ಮಾನ್‌ಬೆಶೈಡ್‌ಗೆ ಉತ್ತರ

ಕಟ್ಟಿನ ಜೊತೆ ವಿಡರ್‌ಶ್ಪ್ರುಖ್ ಅನ್ನೋ ಫಾರ್ಮ್ ಇರತ್ತೆ, ಅಂದ್ರೆ ಆಕ್ಷೇಪಣೆ. ಅನುವಾದದ ಆಪ್‌ಗೆ ಕೊಟ್ರೆ "ವಿರೋಧಾಭಾಸ" ಅಂತ ಏನೇನೋ ತೋರಿಸ್ಬಹುದು, ತಲೆ ಕೆಡಿಸ್ಕೋಬೇಡಿ. ಸಾಲ ನಿಮ್ಮದಲ್ಲ ಅಂದ್ರೆ "ಪೂರ್ತಿ ವಿರೋಧಿಸ್ತೀನಿ" ಅನ್ನೋ ಬಾಕ್ಸ್‌ಗೆ ಟಿಕ್ ಹಾಕಿ, ಸಹಿ ಹಾಕಿ, ಕಳಿಸಿ. ಕಾರಣ ಬರೆಯೋ ಅಗತ್ಯ ಇಲ್ಲ, ಇದಕ್ಕೆ ಫೀಸೂ ಇಲ್ಲ. ಅರ್ಧ ನಿಜ, ಅರ್ಧ ಸುಳ್ಳು ಅನ್ಸಿದ್ರೆ, ಉದಾಹರಣೆಗೆ ಬಿಲ್ ನಿಮ್ಮದೇ ಆದ್ರೆ ಇಂಕಾಸೋ ಕಂಪನಿ, ಅಂದ್ರೆ ಸಾಲ ವಸೂಲಿಯವರು, ಹಾಕಿರೋ ಫೀಸ್ ವಿಪರೀತ ಅನ್ಸಿದ್ರೆ, ಅಷ್ಟು ಭಾಗಕ್ಕೆ ಮಾತ್ರ ಆಕ್ಷೇಪ ಹಾಕೋಕೂ ಬರತ್ತೆ. ಪೂರ್ತಿ ನಿಮ್ಮದೇ ಸಾಲ ಆಗಿದ್ರೆ ಸುಮ್ನೆ ಕಟ್ಬಿಡಿ, ಆದ್ರೆ ಕೋರ್ಟಿಗಲ್ಲ, ಅರ್ಜಿ ಹಾಕ್ದೋರಿಗೆ.

ಏನೂ ಮಾಡ್ದೆ ಕೂತ್ರೆ? ಮೌನಂ ಸಮ್ಮತಿ ಲಕ್ಷಣಂ ಅಂತಾರಲ್ಲ, ಇಲ್ಲಿ ಅದು ಅಕ್ಷರಶಃ ಸತ್ಯ. ಮುಂದಿನ ಹಳದಿ ಕವರಲ್ಲಿ ಫೋಲ್‌ಸ್ಟ್ರೆಕುಂಗ್ಸ್‌ಬೆಶೈಡ್ ಬರತ್ತೆ, ಅದು ಜಾರಿ ಆದೇಶ. ಅದಕ್ಕೂ ಎರಡು ವಾರ ಆಕ್ಷೇಪಕ್ಕೆ ಅವಕಾಶ ಇದೆ, ಅಲ್ಲಿ ಅದರ ಹೆಸರು ಐನ್‌ಶ್ಪ್ರುಖ್, ಆದ್ರೆ ಅಷ್ಟೊತ್ತಿಗಾಗ್ಲೇ ಅವರು ನಿಮ್ಮ ಬ್ಯಾಂಕ್ ಅಕೌಂಟ್ ಮೇಲೆ ಕೈ ಇಡಬಹುದು. ಅದೂ ದಾಟಿದ್ರೆ ಆ ಕಾಗದ 30 ವರ್ಷ ಬದುಕಿರತ್ತೆ. ನೀವು ಕಟ್ಟಬೇಕಾಗೇ ಇರಲಿಲ್ಲ ಅನ್ನೋ ವಾದ ಆಮೇಲೆ ಯಾರೂ ಕೇಳಲ್ಲ, ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದ ಹಾಗೆ.

ಸಮಾಧಾನದ ವಿಷಯ: ಮಾನ್‌ಬೆಶೈಡ್‌ನ ಎರಡು ವಾರ ದಾಟಿದ್ರೂ, ಜಾರಿ ಆದೇಶ ಇನ್ನೂ ಹೊರಡದಿದ್ರೆ ನಿಮ್ಮ ಆಕ್ಷೇಪ ನಡೆಯತ್ತೆ. ಲೇಟಾಯ್ತು ಅಂತ ಕೈ ಚೆಲ್ಬೇಡಿ, ಇವತ್ತೇ ಕಳಿಸಿ. ಎಲ್ಲಾ ಗಡುವೂ ಮುಗಿದಿದ್ರೆ, ಮತ್ತು ಅದು ನಿಜವಾಗ್ಲೂ ನಿಮ್ಮ ತಪ್ಪಲ್ಲದೆ ಆಗಿದ್ರೆ, "ವೀಡರ್‌ಐನ್‌ಸೆಟ್ಸುಂಗ್" ಅಂತ ಅರ್ಜಿ ಹಾಕಿ ಹಳೇ ಸ್ಥಿತಿಗೆ ತನ್ನಿ ಅಂತ ಕೇಳ್ಬಹುದು. ಅದಕ್ಕೂ ಗಡುವಿದೆ, ಸಿವಿಲ್‌ನಲ್ಲಿ ಸಾಮಾನ್ಯವಾಗಿ ಎರಡು ವಾರ, ಕ್ರಿಮಿನಲ್‌ನಲ್ಲಿ ಒಂದೇ ವಾರ, ಇದಕ್ಕೆ ವಕೀಲರನ್ನ ಹಿಡ್ಕೊಳ್ಳಿ.

ಹಂತ 4: ಸ್ಟ್ರಾಫ್‌ಬೆಫೇಲ್ ಬಂದ್ರೆ

ನಮ್ಮವರಿಗೆ ಇದು ಬರೋದು ಹೆಚ್ಚಾಗಿ ಎರಡು ಕಾರಣಕ್ಕೆ. ಒಂದು, ಇಂಡಿಯನ್ ಲೈಸೆನ್ಸ್. ಇಲ್ಲಿ ನೆಲೆಸಿದ ಮೇಲೆ ಅದು ಆರು ತಿಂಗಳು ಮಾತ್ರ ನಡೆಯೋದು, ಏಳನೇ ತಿಂಗಳಲ್ಲಿ ಗಾಡಿ ಓಡಿಸಿದ್ರೆ ಅದು ದಂಡ ಕಟ್ಟಿ ಮುಗಿಸೋ ಟ್ರಾಫಿಕ್ ತಪ್ಪಲ್ಲ, "ಲೈಸೆನ್ಸ್ ಇಲ್ದೆ ಚಾಲನೆ" ಅನ್ನೋ ಅಪರಾಧ, ಕಾನೂನಲ್ಲಿ ಒಂದು ವರ್ಷದವರೆಗೆ ಜೈಲಿಗೂ ಅವಕಾಶ ಇದೆ. ಗೊತ್ತಿದ್ದೂ ಕಾರ್ ಕೊಟ್ಟ ಫ್ರೆಂಡ್‌ಗೂ ಕೇಸು. ಎರಡು, ಪಾರ್ಕಿಂಗ್‌ನಲ್ಲಿ ಪಕ್ಕದ ಕಾರಿಗೆ ಉಜ್ಜಿ ವೈಪರ್ ಕೆಳಗೆ ಚೀಟಿ ಇಟ್ಟು ಬರೋದು. ಚೀಟಿ ಸಾಲಲ್ಲ. ಕಾಯ್ಬೇಕು, ಯಾರೂ ಬರದಿದ್ರೆ ಪೊಲೀಸರಿಗೆ ಫೋನ್ ಮಾಡ್ಬೇಕು.

ಸ್ಟ್ರಾಫ್‌ಬೆಫೇಲ್ ಅಂದ್ರೆ ವಿಚಾರಣೆ ಇಲ್ದೆ ಕಾಗದದ ಮೇಲೇ ಶಿಕ್ಷೆ. ಪ್ರಾಸಿಕ್ಯೂಟರ್ ಕೇಳ್ತಾರೆ, ಆಮ್ಟ್ಸ್‌ಗೆರಿಷ್ಟ್ ಜಡ್ಜ್ ಸಹಿ ಹಾಕ್ತಾರೆ. ಎರಡು ವಾರದಲ್ಲಿ ಐನ್‌ಶ್ಪ್ರುಖ್ ಹಾಕದಿದ್ರೆ ಅದು ಪೂರ್ಣ ತೀರ್ಪಿಗೆ ಸಮ, ನೀವು ಅಪರಾಧಿ.

ದಂಡ ಟಾಗೆಸ್‌ಸಾಟ್ಸ್ ಲೆಕ್ಕದಲ್ಲಿರತ್ತೆ, ಅಂದ್ರೆ "ದಿನಗೂಲಿ". ತಿಂಗಳಿಗೆ ಕೈಗೆ 3,000 ಯೂರೋ ಬರತ್ತೆ ಅಂದ್ರೆ ಮೂವತ್ತರಿಂದ ಭಾಗಿಸಿ ದಿನಕ್ಕೆ 100. 30 ಟಾಗೆಸ್‌ಸಾಟ್ಸ್ ಹಾಕಿದ್ರೆ 3,000 ಯೂರೋ, ಸರಿಯಾಗಿ ಒಂದು ತಿಂಗಳ ಸಂಬಳ. ಕಾಗದದಲ್ಲಿ ಎರಡು ಸಂಖ್ಯೆನೂ ಬೇರೆ ಬೇರೆ ನೋಡಿ. ದಿನದ ದರವನ್ನ ಎಷ್ಟೋ ಸಲ ಅಂದಾಜಿನ ಮೇಲೆ ಹಾಕಿರ್ತಾರೆ, ನಿಮ್ಮ ಸಂಬಳ ಅದಕ್ಕಿಂತ ಕಮ್ಮಿ ಇದ್ರೆ ಅಥವಾ ಹೆಂಡತಿ ಮಕ್ಕಳನ್ನ ನೋಡ್ಕೋತಿದ್ರೆ, ಆಕ್ಷೇಪವನ್ನ ಆ ದರಕ್ಕೆ ಮಾತ್ರ ಸೀಮಿತ ಮಾಡಿ ಸಂಬಳದ ಸ್ಲಿಪ್ ಜೊತೆ ಕಳಿಸ್ಬಹುದು. ದಿನಗಳ ಸಂಖ್ಯೆ ಮುಖ್ಯ ಆಗೋದು ಬೇರೆ ಕಾರಣಕ್ಕೆ: 90 ದಾಟಿದ್ರೆ ಫ್ಯೂರುಂಗ್ಸ್‌ಟ್ಸೊಯ್ಗ್ನಿಸ್‌ನಲ್ಲಿ, ಅಂದ್ರೆ ಕೆಲಸಕ್ಕೆ ಕೇಳೋ ಪೊಲೀಸ್ ಸರ್ಟಿಫಿಕೇಟಲ್ಲಿ ಕಾಣತ್ತೆ, 90ರ ಒಳಗಿದ್ದು ಅದೊಂದೇ ಎಂಟ್ರಿ ಆಗಿದ್ರೆ ಸಾಮಾನ್ಯವಾಗಿ ಕಾಣಲ್ಲ. ಸಿಟಿಜನ್‌ಶಿಪ್ ಅರ್ಜಿಗೂ ಈ 90ರ ಗೆರೆ ಲೆಕ್ಕಕ್ಕೆ ಬರತ್ತೆ.

ಎಚ್ಚರಿಕೆ: ಆಕ್ಷೇಪ ಹಾಕಿ ವಿಚಾರಣೆಗೆ ಹೋದ್ರೆ ಜಡ್ಜ್ ದಂಡ ಜಾಸ್ತಿನೂ ಮಾಡಬಹುದು, ಕಮ್ಮಿನೇ ಆಗತ್ತೆ ಅನ್ನೋ ಗ್ಯಾರಂಟಿ ಇಲ್ಲ. ಮತ್ತೆ ಆ ದಿನ ಸರಿಯಾದ ಕಾರಣ ಇಲ್ದೆ ನೀವೂ ಹೋಗ್ದೆ ವಕೀಲರನ್ನೂ ಕಳಿಸದಿದ್ರೆ ಆಕ್ಷೇಪ ತಿರಸ್ಕಾರ ಆಗತ್ತೆ. ನನ್ನ ಅಭಿಪ್ರಾಯ ಕೇಳಿದ್ರೆ, ಮೊದಲು ಎರಡು ವಾರದೊಳಗೆ ಆಕ್ಷೇಪ ಹಾಕಿ, ವಕೀಲರಿಂದ ಫೈಲ್ ತರಿಸಿ ನೋಡಿ, ಗೆಲ್ಲೋ ಹಾಗಿಲ್ಲ ಅಂದ್ರೆ ವಿಚಾರಣೆಗೆ ಮುಂಚೆ ವಾಪಸ್ ತಗೊಳ್ಳಿ.

ಹಂತ 5: ದುಡ್ಡಿಲ್ಲ, ಭಾಷೆ ಬರಲ್ಲ ಅಂದ್ರೆ

ಕೋರ್ಟಿನ ಭಾಷೆ ಜರ್ಮನ್, ಇದನ್ನ ಕಾನೂನೇ ಹೇಳತ್ತೆ. ಇಂಗ್ಲಿಷ್‌ನಲ್ಲಿ ಬರೆದ ಆಕ್ಷೇಪವನ್ನ ನಂಬ್ಕೊಂಡು ಕೂರ್ಬೇಡಿ, ಎರಡು ಸಾಲಾದ್ರೂ ಜರ್ಮನ್‌ನಲ್ಲೇ ಬರೀರಿ. ಕ್ರಿಮಿನಲ್ ಕೇಸಲ್ಲಿ ಆರೋಪಿಗೆ ದುಭಾಷಿ ಫ್ರೀ. ಕನ್ನಡದ ದುಭಾಷಿಗಳು ಅಪರೂಪ, ಹಾಗಾಗಿ ಬೇಕು ಅಂತ ಮೊದಲೇ ಬರೆದು ತಿಳಿಸಿ, ವಿಚಾರಣೆ ದಿನ ಹೋಗಿ ಹೇಳೋದಲ್ಲ.

ಪ್ರತಿ ಆಮ್ಟ್ಸ್‌ಗೆರಿಷ್ಟ್‌ನಲ್ಲೂ ರೆಷ್ಟ್ಸ್‌ಆನ್‌ಟ್ರಾಗ್‌ಸ್ಟೆಲೆ ಅಂತ ಒಂದು ಕೌಂಟರ್ ಇರತ್ತೆ. ಅಲ್ಲಿ ರೆಷ್ಟ್ಸ್‌ಫ್ಲೇಗರ್, ಅಂದ್ರೆ ಜಡ್ಜ್ ಅಲ್ದೇ ಇದ್ರೂ ಕಾನೂನು ಓದಿರೋ ಅಧಿಕಾರಿ, ನೀವು ಬಾಯಲ್ಲಿ ಹೇಳಿದ್ದನ್ನ ಅರ್ಜಿ ರೂಪದಲ್ಲಿ ಬರ್ಕೊಡ್ತಾರೆ, ಅದೂ ಫ್ರೀ. ಆದ್ರೆ "ನಾನು ಗೆಲ್ತೀನಾ" ಅಂತ ಕೇಳ್ಬೇಡಿ, ಸಲಹೆ ಕೊಡೋದು ಅವರ ಕೆಲಸ ಅಲ್ಲ. ಹೋಗೋಕೆ ಮುಂಚೆ ಅಪಾಯಿಂಟ್‌ಮೆಂಟ್ ಬೇಕಾ ಅಂತ ಕೋರ್ಟ್ ವೆಬ್‌ಸೈಟಲ್ಲಿ ನೋಡಿ.

ಸಲಹೆಗೆ ದುಡ್ಡಿಲ್ಲ ಅಂದ್ರೆ ಇದೇ ಕೋರ್ಟಲ್ಲಿ ಬೆರಾಟುಂಗ್ಸ್‌ಹಿಲ್ಫೆ, ಅಂದ್ರೆ ಕಾನೂನು ಸಲಹೆಗೆ ಸರ್ಕಾರದ ನೆರವಿನ ಚೀಟಿ ಕೇಳಿ. ಆದಾಯ ಕಮ್ಮಿ ಇರೋರಿಗೆ, ವೀಸಾಗೆ ಅಂತ ಮೊದಲೇ ದುಡ್ಡಿಟ್ಟ ಬ್ಲಾಕ್ಡ್ ಅಕೌಂಟಿನ ದುಡ್ಡಲ್ಲಿ ಬದುಕೋ ಸ್ಟೂಡೆಂಟ್‌ಗಳೂ ಕೇಳಿ ನೋಡ್ಬಹುದು. ಚೀಟಿ ಸಿಕ್ರೆ ವಕೀಲರು ನಿಮ್ಮಿಂದ ಹೆಚ್ಚೆಂದ್ರೆ 15 ಯೂರೋ ತಗೋತಾರೆ. ಬ್ಯಾಂಕ್ ಸ್ಟೇಟ್‌ಮೆಂಟ್, ಬಾಡಿಗೆ ಕಾಂಟ್ರಾಕ್ಟ್, ಪಾಸ್‌ಪೋರ್ಟ್ ತಗೊಂಡ್ಹೋಗಿ. ಹ್ಯಾಂಬರ್ಗ್ ಮತ್ತು ಬ್ರೇಮೆನ್‌ನಲ್ಲಿ ಈ ಪದ್ಧತಿ ಬದಲು ಸರ್ಕಾರಿ ಸಲಹಾ ಕೇಂದ್ರಗಳಿವೆ.

ಹಂತ 6: ನೀವೇ ಕೇಸ್ ಹಾಕೋದಾದ್ರೆ

ಅಡ್ವಾನ್ಸ್ ವಾಪಸ್ ಕೊಡದ ಮನೆ ಓನರ್, ಬಹುತೇಕ ಜನ ಕೇಳೋದು ಇದನ್ನೇ. ಇಲ್ಲಿ ಅದಕ್ಕೆ ಕೌಟ್ಸಿಯೋನ್ ಅಂತಾರೆ, ಬೆಂಗಳೂರಿನ ಹತ್ತು ತಿಂಗಳ ಕಥೆ ಅಲ್ಲ, ಹೆಚ್ಚೆಂದ್ರೆ ಮೂರು ತಿಂಗಳ ಬಾಡಿಗೆ, ಅದೂ ಹೀಟಿಂಗ್ ಖರ್ಚು ಎಲ್ಲಾ ಬಿಟ್ಟು. ಮನೆ ಬಿಟ್ಟ ಮಾರನೇ ದಿನವೇ ಕೊಡ್ಬೇಕು ಅಂತಿಲ್ಲ, ಮೂರರಿಂದ ಆರು ತಿಂಗಳು ಅವರು ಲೆಕ್ಕ ನೋಡೋಕೆ ತಗೋತಾರೆ.

ಆಮೇಲೂ ಬರ್ಲಿಲ್ಲ ಅಂದ್ರೆ, ಮೊದಲು ನಿರ್ದಿಷ್ಟ ತಾರೀಖು ಕೊಟ್ಟು ಪತ್ರ ಬರೀರಿ, ಐನ್‌ವುರ್ಫ್ ಐನ್‌ಶ್ರೈಬೆನ್‌ನಲ್ಲಿ ಕಳಿಸಿ, ಅಂದ್ರೆ ಡಬ್ಬಕ್ಕೆ ಹಾಕಿದ್ದಕ್ಕೆ ಪೋಸ್ಟ್‌ನವರು ರೆಕಾರ್ಡ್ ಇಡೋ ರಿಜಿಸ್ಟರ್ಡ್ ಪೋಸ್ಟ್. ವಾಟ್ಸಾಪಲ್ಲಿ ಬೈದಾಡಿದ್ದು ಪತ್ರ ಅಲ್ಲ. ತಾರೀಖು ದಾಟಿದ್ರೆ ಎರಡು ದಾರಿ. ಓನರ್ ಸುಮ್ನೆ ಸತಾಯಿಸ್ತಿದಾರೆ, ಹೆದರಿಸಿದ್ರೆ ಕೊಡ್ತಾರೆ ಅನ್ಸಿದ್ರೆ ನೀವೂ ಮಾನ್‌ಬೆಶೈಡ್ ತರಿಸಿ, ಆನ್‌ಲೈನಲ್ಲಿ ತುಂಬಿ ಬಾರ್‌ಕೋಡ್ ಇರೋ ಕಾಗದ ಪ್ರಿಂಟ್ ತೆಗೆದು ಸಹಿ ಹಾಕಿ ಪೋಸ್ಟ್ ಮಾಡಿ, ಫೀಸ್ ಕನಿಷ್ಠ 38 ಯೂರೋ. ಅದೇ "ಗೋಡೆ ಹಾಳು ಮಾಡಿದೀರಿ" ಅಂತ ಆಗ್ಲೇ ಜಗಳ ಶುರು ಮಾಡಿದ್ರೆ ಹೇಗಿದ್ರೂ ಆಕ್ಷೇಪ ಹಾಕ್ತಾರೆ, ಆಗ ನೇರವಾಗಿ ಕ್ಲಾಗೆ ಹಾಕೋದೇ ವಾಸಿ, ಮನೆ ಯಾವ ಊರಲ್ಲಿತ್ತೋ ಆ ಊರಿನ ಆಮ್ಟ್ಸ್‌ಗೆರಿಷ್ಟ್‌ನಲ್ಲಿ. 2,000 ಯೂರೋ ಕೇಸಿಗೆ ಮುಂಗಡ ಫೀಸ್ ಸುಮಾರು 300 ಯೂರೋ. ಗೆದ್ರೆ ಎದುರಿನವರು ಕೊಡ್ಬೇಕು, ಸೋತ್ರೆ ಅವರ ವಕೀಲರ ಫೀಸೂ ನಿಮ್ಮ ತಲೆಗೆ. ಗೆದ್ದವನು ಸೋತ, ಸೋತವನು ಸತ್ತ ಅನ್ನೋ ಗಾದೆ ಇಲ್ಲಿ ಅರ್ಧ ಮಾತ್ರ ನಿಜ, ಆದ್ರೆ ಆ ಅರ್ಧ ನೋಡ್ಕೊಂಡು ಇಳೀರಿ. ಮನೆ ಬಿಡೋವಾಗ ಬರೆದ ಊಬರ್‌ಗಾಬೆಪ್ರೋಟೊಕೋಲ್, ಅಂದ್ರೆ ಮನೆ ಹಸ್ತಾಂತರದ ಪಟ್ಟಿ, ಮತ್ತು ಫೋಟೋಗಳು ಇಲ್ದಿದ್ರೆ ನಾನಂತೂ ಯೋಚನೆ ಮಾಡ್ತೀನಿ.

ಸಮಯ ಮಿತಿ ಮೂರು ವರ್ಷ, ಆದ್ರೆ ಲೆಕ್ಕ ಆ ವರ್ಷದ ಕೊನೆಯಿಂದ ಶುರು. 2023ರ ಮೇ ತಿಂಗಳಲ್ಲಿ ಬರಬೇಕಿದ್ದ ದುಡ್ಡಿಗೆ 2026ರ ಡಿಸೆಂಬರ್ 31 ಕೊನೆ.

ಹಂತ 7: ವಿಚಾರಣೆ ದಿನ

ಸಿನಿಮಾ ಕೋರ್ಟ್ ಥರ ಇರಲ್ಲ, ಸ್ಕೂಲ್ ಕ್ಲಾಸ್‌ರೂಮ್ ಥರ ಇರತ್ತೆ. ಬಾಗಿಲಲ್ಲಿ ಬ್ಯಾಗ್ ಚೆಕ್ಕಿಂಗ್, ಅದಕ್ಕೆ ಅರ್ಧ ಗಂಟೆ ಮುಂಚೆ ಹೋಗಿ. ರೂಮಿನ ಹೊರಗೆ ಅವತ್ತಿನ ಕೇಸುಗಳ ಪಟ್ಟಿ ಅಂಟಿಸಿರ್ತಾರೆ, ನಿಮ್ಮ ನಂಬರ್ ನೋಡ್ಕೊಳ್ಳಿ. ಕಪ್ಪು ಗೌನ್ ಹಾಕಿದ ಒಬ್ರೇ ಜಡ್ಜ್, ಅವರು ಒಳಗೆ ಬಂದಾಗ ಎದ್ದು ನಿಲ್ಲಿ. ಸಿವಿಲ್ ಕೇಸಲ್ಲಿ ಮೊದಲು ರಾಜಿ ಮಾತು, "ಅರ್ಧ ಅರ್ಧ ಮಾಡ್ಕೊಳ್ತೀರಾ?" ಅನ್ನೋ ಧಾಟಿಲಿ. ಅವಮಾನ ಅಂತ ತಗೋಬೇಡಿ, ನಿಮ್ಮ ಕೇಸಲ್ಲಿ ಎಲ್ಲಿ ತೂತಿದೆ ಅಂತ ಜಡ್ಜ್ ಬಾಯಿಂದಲೇ ಗೊತ್ತಾಗೋ ಜಾಗ ಇದು. ಎಷ್ಟಕ್ಕೆ ಒಪ್ತೀರಿ ಅಂತ ಮನೇಲೇ ತೀರ್ಮಾನ ಮಾಡ್ಕೊಂಡು ಹೋಗಿ.

ಜಗಳ ಇಲ್ದೇನೂ ಈ ಕೋರ್ಟಿಗೆ ಹೋಗೋ ಕೆಲಸಗಳು

ಇಲ್ಲಿನ ಕನ್ನಡ ಸಂಘಗಳ ಹೆಸರಿನ ಕೊನೆಗೆ "ಎ. ಫಾವ್." ಅಂತ ಇರತ್ತಲ್ಲ, ಅದರರ್ಥ ಆಮ್ಟ್ಸ್‌ಗೆರಿಷ್ಟ್‌ನ ಸಂಘಗಳ ರಿಜಿಸ್ಟರಲ್ಲಿ ಹೆಸರಿದೆ ಅಂತ. ಹೊಸದು ಮಾಡೋಕೆ ಕನಿಷ್ಠ ಏಳು ಸದಸ್ಯರು ಬೇಕು, ಸಹಿಗಳನ್ನ ನೋಟರಿ ದೃಢೀಕರಿಸ್ಬೇಕು. ಕಮಿಟಿ ಬದಲಾದಾಗ್ಲೂ ಇದೇ ದಾರಿ, ಇದನ್ನ ಮರೆತು ರಾಜ್ಯೋತ್ಸವದ ಹೊತ್ತಿಗೆ ಬ್ಯಾಂಕ್‌ನವರು ಹೊಸ ಖಜಾಂಚಿ ಸಹಿ ಒಪ್ಪಲ್ಲ ಅಂತ ಒದ್ದಾಡೋದು ಬೇಡ. ರಿಜಿಸ್ಟರ್ ಆದ ಮೇಲೆ ಕೋರ್ಟಿನ ಥರಾನೇ ಕಾಣೋ ನಕಲಿ ಬಿಲ್‌ಗಳು ಬರಬಹುದು, ಕಟ್ಟೋ ಮುಂಚೆ ಕೋರ್ಟಿಗೆ ಫೋನ್ ಮಾಡಿ.

ಮಂಗಳೂರು ಕಡೆಯ ಕ್ಯಾಥೊಲಿಕ್ ಗೆಳೆಯರಿಗೆ: ಚರ್ಚ್ ಟ್ಯಾಕ್ಸ್ ಬೇಡ ಅಂತ ಹೊರಬರೋ ಅರ್ಜಿ ಬರ್ಲಿನ್, ನಾರ್ಡ್‌ರೈನ್ ವೆಸ್ಟ್‌ಫಾಲೆನ್‌ನಲ್ಲಿ ಇದೇ ಕೋರ್ಟಲ್ಲಿ, ಬವೇರಿಯಾದಲ್ಲಿ ಸ್ಟಾಂಡೆಸ್‌ಆಮ್ಟ್‌ನಲ್ಲಿ, ಅಂದ್ರೆ ಜನನ, ಮದುವೆ ನೋಂದಣಿ ಕಚೇರಿಲಿ. ಬಿಡಬೇಕೋ ಬೇಡವೋ ನಿಮ್ಮಿಷ್ಟ.

ಡಿವೋರ್ಸ್ ಕೂಡ ಇದೇ ಕಟ್ಟಡದ ಕುಟುಂಬ ವಿಭಾಗದಲ್ಲಿ, ಅಲ್ಲಿ ಅರ್ಜಿ ಹಾಕೋರಿಗೆ ವಕೀಲರು ಕಡ್ಡಾಯ, ಮತ್ತೆ ಸಾಮಾನ್ಯವಾಗಿ ಒಂದು ವರ್ಷ ಬೇರೆ ಇದ್ದಿರ್ಬೇಕು. ಆದ್ರೆ ಮನೇಲಿ ಹೊಡೆತ, ಬೆದರಿಕೆ ಇದ್ರೆ ರಕ್ಷಣಾ ಆದೇಶಕ್ಕೆ ವರ್ಷವೂ ಬೇಡ, ವಕೀಲರೂ ಬೇಡ, ಮೇಲೆ ಹೇಳಿದ ಅದೇ ಕೌಂಟರಿಗೆ ನೇರ ಹೋಗಬಹುದು. ಡಿಪೆಂಡೆಂಟ್ ವೀಸಾದಲ್ಲಿ ಬಂದಿರೋ ಹೆಣ್ಮಕ್ಕಳಿಗೆ ಇದನ್ನ ಹೇಳೋರು ಕಮ್ಮಿ, ಅದಕ್ಕೇ ಬರೀತಿದೀನಿ. 116 016 ಅನ್ನೋ ಸಹಾಯವಾಣಿ ಹಗಲು ರಾತ್ರಿ ಇರತ್ತೆ, ಫ್ರೀ, ಅರ್ಜೆಂಟ್ ಆದ್ರೆ ಪೊಲೀಸ್ 110.

ಇನ್ನು ಊರಿಗೆ ಹೊರಡೋ ಮುಂಚೆ. ಮೇಲ್‌ಬಾಕ್ಸ್ ಕೀ ಪಕ್ಕದ ಮನೆಯವರಿಗೋ ಫ್ರೆಂಡಿಗೋ ಕೊಡಿ, ವಾರಕ್ಕೊಂದು ಸಲ ತೆಗೆದು ನೋಡೋಕೆ ಹೇಳಿ, ಹಳದಿ ಕವರ್ ಇದ್ರೆ ಕವರಿನ ಎರಡೂ ಬದಿ ಮತ್ತು ಒಳಗಿನ ಪ್ರತಿ ಪೇಜ್ ಫೋಟೋ ಕಳಿಸೋಕೆ ಹೇಳಿ. ಆಕ್ಷೇಪ ಹಾಕೋಕೆ ಅವರಿಗೆ ಒಂದು ಫೋಲ್‌ಮಾಖ್ಟ್, ಅಂದ್ರೆ ನಿಮ್ಮ ಪರವಾಗಿ ಸಹಿ ಹಾಕೋ ಅಧಿಕಾರ ಪತ್ರ, ಬರೆದಿಟ್ಟು ಹೋದ್ರೆ ಇನ್ನೂ ಒಳ್ಳೇದು.